ಎಕ್ಸ್ = ಸೈನ್ ಥೀಟಾ ಹಾಕಿದ್ಮೇಲೆ ಲಿಮಿಟ್ಸ್ ಯಾವುದು ತಗೋಬೇಕು, ಏರಿಯಾ ಮೈನಸ್ ಯಾಕೆ ಬಂತು?

ಪ್ರಶ್ನೆ: ನಾನು ಸೆಕೆಂಡ್ ಪಿಯುಸಿ ಓದ್ತಿದೀನಿ. √(1 − ಎಕ್ಸ್²) ಅನ್ನೋದನ್ನ 0 ಇಂದ 1ರ ತನಕ ಇಂಟಿಗ್ರೇಟ್ ಮಾಡೋಕೆ ಎಕ್ಸ್ = ಸೈನ್ ಥೀಟಾ ಹಾಕಿದೆ. ಎಕ್ಸ್ 1 ಆದಾಗ ಥೀಟಾ ಪೈ/2, ಅದು ಸರಿ. ಆದ್ರೆ ಎಕ್ಸ್ 0 ಆದಾಗ ಥೀಟಾ 0 ಕೂಡ ಆಗುತ್ತೆ, ಪೈ ಕೂಡ ಆಗುತ್ತಲ್ವಾ? ಪೈ ತಗೊಂಡು ಮಾಡಿದ್ರೆ ಉತ್ತರ ಮೈನಸ್ ಪೈ/4 ಬರ್ತಿದೆ. ಕೇಳಿದ್ರೆ ಪ್ರಿನ್ಸಿಪಲ್ ವ್ಯಾಲ್ಯೂ (ಸೈನ್‌ಗೆ ಮೈನಸ್ ಪೈ/2 ಇಂದ ಪೈ/2ರ ಒಳಗಿನ ಕೋನ) ಮಾತ್ರ ತಗೋಬೇಕು ಅಂತಾರೆ, ಯಾಕೆ ಅಂತ ಹೇಳಲ್ಲ. ಆಮೇಲೆ ಕೊನೇಲಿ ವಾಪಸ್ ಎಕ್ಸ್‌ಗೆ ಬರ್ಬೇಕಾ ಬೇಡ್ವಾ? ಹೇಗಿದ್ರೂ ಇಂಡೆಫಿನಿಟ್ ಇಂಟಿಗ್ರಲ್‌ಗೆ ಫಾರ್ಮುಲಾ ಇದೆ, ಲಿಮಿಟ್ಸ್ ಬದಲಾಯಿಸೋ ಈ ದಾರಿ ಯಾಕೆ ಬೇಕು?

ಉತ್ತರ: ನೀವು ಪೈ ತಗೊಂಡಿದ್ದು ತಪ್ಪಲ್ಲ, ಇದನ್ನ ಮೊದ್ಲೇ ಹೇಳ್ಬಿಡ್ತೀನಿ. ಪೈ ತಗೊಂಡ್ರೂ ಉತ್ತರ ಪ್ಲಸ್ ಪೈ/4 ಬರ್ಲೇಬೇಕು, ಬರುತ್ತೆ ಕೂಡ. ಎಡವಟ್ಟಾಗಿರೋದು ಅದಕ್ಕಿಂತ ಒಂದು ಸ್ಟೆಪ್ ಮುಂದೆ, ರೂಟ್ ತೆಗೆದ ಜಾಗದಲ್ಲಿ.

ನೀವು ಮಾಡಿರೋದು ಹೀಗಿರುತ್ತೆ ಅನ್ಸುತ್ತೆ. ಎಕ್ಸ್ = ಸೈನ್ ಥೀಟಾ, ಡಿಎಕ್ಸ್ = ಕಾಸ್ ಥೀಟಾ ಡಿಥೀಟಾ, √(1 − ಸೈನ್² ಥೀಟಾ) = √(ಕಾಸ್² ಥೀಟಾ) = ಕಾಸ್ ಥೀಟಾ, ಹಾಗಾಗಿ ಒಳಗೆ ಕಾಸ್² ಥೀಟಾ ಬಂತು, ಅದರ ಇಂಟಿಗ್ರಲ್ ಥೀಟಾ/2 + (ಸೈನ್ 2ಥೀಟಾ)/4, ಅದಕ್ಕೆ ಮೇಲೆ ಪೈ/2 ಕೆಳಗೆ ಪೈ ಹಾಕಿದ್ರೆ ಪೈ/4 − ಪೈ/2, ಅಂದ್ರೆ ಮೈನಸ್ ಪೈ/4. ಲೆಕ್ಕ ಎಲ್ಲಾ ಸರಿ ಇದೆ, ಒಂದು ಈಕ್ವಲ್ ಟು ಬಿಟ್ಟು. √(ಕಾಸ್² ಥೀಟಾ) ಅನ್ನೋದು ಕಾಸ್ ಥೀಟಾ ಅಲ್ಲ, ಅದು |ಕಾಸ್ ಥೀಟಾ|, ಮಾಡ್ಯುಲಸ್ ಸಮೇತ. ರೂಟ್ ಚಿಹ್ನೆ ಯಾವತ್ತೂ ನೆಗೆಟಿವ್ ಅಲ್ಲದ ನಂಬರನ್ನೇ ಕೊಡೋದು, √9 ಅಂದ್ರೆ 3 ಮಾತ್ರ. ಈಗ ಪೈ/2 ಇಂದ ಪೈ ತನಕ, ಅಂದ್ರೆ ಸೆಕೆಂಡ್ ಕ್ವಾಡ್ರಂಟಲ್ಲಿ, ಕಾಸ್ ನೆಗೆಟಿವ್ ಅಲ್ವಾ, ಅಲ್ಲಿ |ಕಾಸ್ ಥೀಟಾ| = −ಕಾಸ್ ಥೀಟಾ. ಅದನ್ನ ಹಾಕಿ ನೋಡಿ:

∫[ಪೈ → ಪೈ/2] (−ಕಾಸ್ ಥೀಟಾ)(ಕಾಸ್ ಥೀಟಾ) ಡಿಥೀಟಾ = ∫[ಪೈ/2 → ಪೈ] ಕಾಸ್² ಥೀಟಾ ಡಿಥೀಟಾ = ಪೈ/4

ರೂಟಿಂದ ಒಂದು ಮೈನಸ್ ಬಂತು, ಲಿಮಿಟ್ಸ್ ದೊಡ್ಡದರಿಂದ ಚಿಕ್ಕದಕ್ಕೆ ಹೋಗ್ತಿರೋದ್ರಿಂದ ಇನ್ನೊಂದು ಮೈನಸ್, ಎರಡೂ ಸೇರಿ ಪ್ಲಸ್ ಆಯ್ತು. ನೀವು ಎರಡನೇದನ್ನ ಇಟ್ಕೊಂಡು ಮೊದಲನೇದನ್ನ ಬಿಟ್ಟಿದ್ರಿ, ಅದಕ್ಕೆ ಕಾಲು ವೃತ್ತದ ಏರಿಯಾ (ನಿಮ್ಮ ಇಂಟಿಗ್ರಲ್ ಅಳೆಯೋದು ಅದನ್ನೇ) ನೆಗೆಟಿವ್ ಆಗಿದ್ದು.

ಈಗ ಪ್ರಿನ್ಸಿಪಲ್ ವ್ಯಾಲ್ಯೂ ತಗೊಳ್ಳಿ ಅನ್ನೋ ಮಾತಿನ ಅರ್ಥಾನೂ ಗೊತ್ತಾಗುತ್ತೆ. ಮೈನಸ್ ಪೈ/2 ಇಂದ ಪೈ/2ರ ಒಳಗೆ ಕಾಸ್ ಎಲ್ಲೂ ನೆಗೆಟಿವ್ ಆಗಲ್ಲ, ಹಾಗಾಗಿ ಮಾಡ್ಯುಲಸ್ ಬರೀದೇ ಬಿಟ್ರೂ ನಡೆಯುತ್ತೆ, ಅಷ್ಟೇ. ಅದು ಕೆಲಸ ಸುಲಭ ಮಾಡ್ಕೊಳ್ಳೋಕೆ ಮಾಡ್ಕೊಂಡಿರೋ ಆಯ್ಕೆ, ಗಣಿತ ಹಾಕಿರೋ ಕಟ್ಟಳೆ ಅಲ್ಲ. ಈ ವ್ಯತ್ಯಾಸ ಹೇಳದೇ ಬರೀ ರೂಲ್ ಅಂತ ಹೇಳ್ಕೊಟ್ರೆ ನಿಮ್ಮ ಥರ ಯೋಚ್ನೆ ಮಾಡೋ ಹುಡುಗರಿಗೆ ಅನ್ಯಾಯ ಆಗುತ್ತೆ ಅಂತ ನನಗೆ ನಿಜಕ್ಕೂ ಅನ್ಸುತ್ತೆ, ಯಾಕಂದ್ರೆ ನೀವು ಕೇಳಿರೋ ಪ್ರಶ್ನೇಲೇ ಈ ವಿಷಯದ ತಿರುಳಿದೆ.

ಥಿಯರಮ್ ಏನು ಹೇಳುತ್ತೆ ಅಂತ ಒಂದ್ಸಲ ಸರಿಯಾಗಿ ನೋಡೋಣ. ಎಕ್ಸ್ = ಜಿ(ಥೀಟಾ) ಅಂತಿರ್ಲಿ. ಥೀಟಾ ಆಲ್ಫಾ ಇಂದ ಬೀಟಾ ತನಕ ಓಡಾಡೋವಾಗ ಜಿ ಎಲ್ಲೂ ಕಡಿದು ಹೋಗ್ಬಾರ್ದು, ಅದರ ಡಿರೈವೇಟಿವ್ ಕೂಡ ಕಂಟಿನ್ಯೂಯಸ್ ಆಗಿರ್ಬೇಕು, ಮತ್ತೆ ಆ ಓಡಾಟದಲ್ಲಿ ಎಕ್ಸ್ ಎಲ್ಲೆಲ್ಲಿ ಕಾಲಿಡುತ್ತೋ ಅಲ್ಲೆಲ್ಲಾ ನಾವು ಇಂಟಿಗ್ರೇಟ್ ಮಾಡೋ ಫಂಕ್ಷನ್ ಎಫ್ ಕಂಟಿನ್ಯೂಯಸ್ ಆಗಿರ್ಬೇಕು. ಇಷ್ಟಿದ್ರೆ,

∫[ಜಿ(ಆಲ್ಫಾ) → ಜಿ(ಬೀಟಾ)] ಎಫ್(ಎಕ್ಸ್) ಡಿಎಕ್ಸ್ = ∫[ಆಲ್ಫಾ → ಬೀಟಾ] ಎಫ್(ಜಿ(ಥೀಟಾ)) · ಜಿ′(ಥೀಟಾ) ಡಿಥೀಟಾ

ಜಿ ಒನ್-ಒನ್ ಆಗಿರ್ಬೇಕು (ಒಂದು ಎಕ್ಸ್‌ಗೆ ಒಂದೇ ಥೀಟಾ ಇರ್ಬೇಕು) ಅಂತ ಇದರಲ್ಲಿ ಎಲ್ಲೂ ಇಲ್ಲ, ಗಮನಿಸಿ. ಪ್ರೂಫ್ ಒಂದೇ ಸಾಲು: ಎಫ್‌ನ ಆಂಟಿ-ಡಿರೈವೇಟಿವ್ ದೊಡ್ಡ ಎಫ್ ಅಂತಿಟ್ಕೊಂಡ್ರೆ, ಚೈನ್ ರೂಲ್ ಪ್ರಕಾರ ಬಲಗಡೆ ಒಳಗಿರೋದು ದೊಡ್ಡ ಎಫ್(ಜಿ(ಥೀಟಾ))ದ ಡಿರೈವೇಟಿವ್, ಹಾಗಾಗಿ ಉತ್ತರ ಎರಡು ತುದೀಲಿ ಎಕ್ಸ್ ಎಲ್ಲಿದೆ ಅನ್ನೋದರ ಮೇಲೆ ಮಾತ್ರ ನಿಂತಿದೆ, ನಡುವೆ ಎಲ್ಲೆಲ್ಲಿ ಸುತ್ತಾಡ್ತು ಅನ್ನೋದು ಲೆಕ್ಕಕ್ಕೇ ಬರಲ್ಲ. ಮೈಸೂರಿಂದ ಮಂಡ್ಯಕ್ಕೆ ಹೊರಟೋನು ರಾಮನಗರದ ತನಕ ಹೋಗಿ ವಾಪಸ್ ಮಂಡ್ಯಕ್ಕೆ ಬಂದ್ರೂ, ಮೈಸೂರಿಂದ ಎಷ್ಟು ದೂರದಲ್ಲಿದಾನೆ ಅಂದ್ರೆ ಉತ್ತರ ಅದೇ ತಾನೇ, ಜಾಸ್ತಿ ಹೋಗಿದ್ದು ವಾಪಸ್ ಬರೋವಾಗ ಕಳೆದುಹೋಗುತ್ತೆ.

ನಂಬಿಕೆ ಬರ್ಲಿಲ್ಲ ಅಂದ್ರೆ ನಿಮ್ಮ ಲೆಕ್ಕದಲ್ಲೇ ಥೀಟಾನ 0 ಇಂದ 5ಪೈ/2 ತನಕ ಓಡಿಸಿ, ಸೈನ್ 5ಪೈ/2 ಕೂಡ 1 ತಾನೇ. ಒಳಗಿರೋದು |ಕಾಸ್ ಥೀಟಾ| ಕಾಸ್ ಥೀಟಾ. 0 ಇಂದ ಪೈ/2 ತನಕ ಪೈ/4 ಸಿಗುತ್ತೆ, ಪೈ/2 ಇಂದ 3ಪೈ/2 ತನಕ ಮೈನಸ್ ಪೈ/2 (ಎಕ್ಸ್ 1ರಿಂದ ಮೈನಸ್ 1ಕ್ಕೆ ಹಿಂದಕ್ಕೆ ಹೋಗ್ತಿದೆ), 3ಪೈ/2 ಇಂದ 5ಪೈ/2 ತನಕ ಪ್ಲಸ್ ಪೈ/2, ಕೊನೇ ಎರಡು ಹೊಡೆದುಹೋಗಿ ಉಳಿಯೋದು ಪೈ/4. ಮಾಡ್ಯುಲಸ್ ಬಿಟ್ಟು ಇದೇ ಲೆಕ್ಕ ಮಾಡಿದ್ರೆ 5ಪೈ/4 ಬರುತ್ತೆ, ಅದು ಪೂರ್ತಿ ವೃತ್ತದ ಏರಿಯಾಗಿಂತ ಜಾಸ್ತಿ!

ಎಕ್ಸ್ = ಸೈನ್ ಥೀಟಾದಲ್ಲಿ ಯಾರೂ ಬೇಕು ಅಂತ ಪೈ ತಗೊಳ್ಳಲ್ಲ, ಹಾಗಾಗಿ ಈ ಮಾಡ್ಯುಲಸ್ ವಿಷಯ ಅಲ್ಲಿ ಅಷ್ಟಾಗಿ ಕಾಡಲ್ಲ. ಸೆಕೆಂಟಲ್ಲಿ ಮಾತ್ರ ಬೇಡ ಅಂದ್ರೂ ಬಂದು ವಕ್ಕರಿಸುತ್ತೆ. ಇದನ್ನ ನೋಡಿ:

∫[−2 → −√2] ಡಿಎಕ್ಸ್ / (ಎಕ್ಸ್² √(ಎಕ್ಸ್² − 1))

ಎಕ್ಸ್ = ಸೆಕ್ ಥೀಟಾ ಹಾಕ್ತೀವಿ. ಸೆಕ್ ಥೀಟಾ = −2 ಆದ್ರೆ ಪ್ರಿನ್ಸಿಪಲ್ ವ್ಯಾಲ್ಯೂ 2ಪೈ/3, −√2 ಆದ್ರೆ 3ಪೈ/4. ರೂಲ್ ಪ್ರಕಾರ ಪ್ರಿನ್ಸಿಪಲ್ ವ್ಯಾಲ್ಯೂನೇ ತಗೊಂಡಿದೀವಿ, ಆದ್ರೂ ಕಣ್ಣುಮುಚ್ಚಿ √(ಟ್ಯಾನ್² ಥೀಟಾ) = ಟ್ಯಾನ್ ಥೀಟಾ ಅಂತ ಬರೆದ್ರೆ ಒಳಗೆ ಕಾಸ್ ಥೀಟಾ ಉಳಿದು ಉತ್ತರ √2/2 − √3/2, ನೆಗೆಟಿವ್. ಆದ್ರೆ ಒಳಗಿರೋ ಫಂಕ್ಷನ್ ಎಲ್ಲಾ ಕಡೆ ಪಾಸಿಟಿವ್, ಎಡದಿಂದ ಬಲಕ್ಕೆ ಇಂಟಿಗ್ರೇಟ್ ಮಾಡ್ತಿದೀವಿ, ನೆಗೆಟಿವ್ ಬರೋಕೆ ಸಾಧ್ಯಾನೇ ಇಲ್ಲ. ಸೆಕೆಂಡ್ ಕ್ವಾಡ್ರಂಟಲ್ಲಿ ಟ್ಯಾನ್ ನೆಗೆಟಿವ್, ಹಾಗಾಗಿ ರೂಟ್ ಅಂದ್ರೆ −ಟ್ಯಾನ್ ಥೀಟಾ, ಸರಿ ಉತ್ತರ √3/2 − √2/2, ಸುಮಾರು 0.159. ಅಂದ್ರೆ ಪ್ರಿನ್ಸಿಪಲ್ ವ್ಯಾಲ್ಯೂ ರೂಲ್ ಪಾಲಿಸಿದ್ರೂ ಮಾಡ್ಯುಲಸ್ ನೋಡ್ಲೇಬೇಕು. ಇದನ್ನ ತಪ್ಪಿಸ್ಕೊಳ್ಳೋಕೆ ಕೆಲವರು ನೆಗೆಟಿವ್ ಎಕ್ಸ್‌ಗೆ ಥರ್ಡ್ ಕ್ವಾಡ್ರಂಟ್ ತಗೋತಾರೆ, −2ಕ್ಕೆ 4ಪೈ/3, −√2ಕ್ಕೆ 5ಪೈ/4, ಅಲ್ಲಿ ಟ್ಯಾನ್ ಪಾಸಿಟಿವ್ ಆಗಿರೋದ್ರಿಂದ ಮಾಡ್ಯುಲಸ್ ಬೇಕಾಗಲ್ಲ, ಉತ್ತರ ಅದೇ ಬರುತ್ತೆ. ನನ್ನ ಕೇಳಿದ್ರೆ ಇದೆಲ್ಲಕ್ಕಿಂತ ಸುಲಭದ್ದು ಮೊದ್ಲು ಎಕ್ಸ್ = −ಯು ಹಾಕಿ ಲಿಮಿಟ್ಸನ್ನ ಪಾಸಿಟಿವ್ ಕಡೆಗೆ ತಂದ್ಬಿಡೋದು, ಆಮೇಲೆ ಸೆಕ್ ಹಾಕಿ.

ಇಲ್ಲೀತನಕ ಓದಿ "ಹಾಗಾದ್ರೆ ಮಾಡ್ಯುಲಸ್ ಇಟ್ಕೊಂಡ್ರೆ ಯಾವ ಲಿಮಿಟ್ಸ್ ಬೇಕಾದ್ರೂ ತಗೋಬಹುದು" ಅಂದ್ಕೋಬೇಡಿ. ಥಿಯರಮಲ್ಲಿ ಜಿ ಕಡಿದು ಹೋಗ್ಬಾರ್ದು ಅಂತ ಇತ್ತಲ್ಲ, ಸೈನ್‌ಗೆ ಆ ಭಯ ಇಲ್ಲ, ಟ್ಯಾನ್‌ಗೆ ಇದೆ. ∫[−1 → √3] ಡಿಎಕ್ಸ್/(1 + ಎಕ್ಸ್²) ತಗೊಳ್ಳಿ. ಎಕ್ಸ್ = ಟ್ಯಾನ್ ಥೀಟಾ ಹಾಕಿದ್ರೆ ಒಳಗೆ ಬರೀ ಡಿಥೀಟಾ ಉಳಿಯುತ್ತೆ, ರೂಟೇ ಇಲ್ಲ, ಮಾಡ್ಯುಲಸ್ ಪ್ರಶ್ನೇನೂ ಇಲ್ಲ. ಸರಿಯಾದ ಲಿಮಿಟ್ಸ್ −ಪೈ/4 ಇಂದ ಪೈ/3, ಉತ್ತರ 7ಪೈ/12. ಈಗ ಯಾರೋ ಟ್ಯಾನ್ 3ಪೈ/4 ಕೂಡ −1 ಅಲ್ವಾ ಅಂತ 3ಪೈ/4 ಇಂದ ಪೈ/3ಕ್ಕೆ ಹೋದ್ರು ಅನ್ಕೊಳ್ಳಿ, ಉತ್ತರ ಮೈನಸ್ 5ಪೈ/12. ಥೀಟಾ 3ಪೈ/4 ಇಂದ ಇಳೀತಾ ಬಂದಾಗ ಎಕ್ಸ್ −1ರಿಂದ ಎಡಕ್ಕೆ ಹೋಗ್ತಾ ಹೋಗ್ತಾ ಮೈನಸ್ ಇನ್ಫಿನಿಟಿಗೆ ಓಡ್ತು, ಪೈ/2 ದಾಟಿದ ಕೂಡ್ಲೇ ಪ್ಲಸ್ ಇನ್ಫಿನಿಟಿ ಕಡೆಯಿಂದ ಬಂದು √3ಕ್ಕೆ ಇಳೀತು. ಅಂದ್ರೆ ನಮಗೆ ಬೇಕಾಗಿದ್ದ −1 ಮತ್ತು √3 ನಡುವಿನ ಜಾಗವನ್ನ ಅದು ಮುಟ್ಟೇ ಇಲ್ಲ, ಹೊರಗಡೆ ಉಳಿದಿರೋ ಏರಿಯಾನ ಉಲ್ಟಾ ದಿಕ್ಕಲ್ಲಿ ಅಳೆದಿದೆ. ಪೂರ್ತಿ ಗೆರೆ ಮೇಲಿನ ಏರಿಯಾ ಪೈ, ಅದರಲ್ಲಿ 7ಪೈ/12 ಕಳೆದ್ರೆ 5ಪೈ/12, ನೋಡಿ ತಾಳೆ ಆಗುತ್ತೆ. ಇಂಥ ತಪ್ಪು ಉತ್ತರಗಳು ಸುಮ್ಮನೆ ಎಲ್ಲಿಂದಲೋ ಬರಲ್ಲ, ಅವು ಬೇರೆ ಯಾವುದೋ ಪ್ರಶ್ನೆಗೆ ಸರಿ ಉತ್ತರ ಆಗಿರ್ತವೆ, ಯಾವ ಪ್ರಶ್ನೆಗೆ ಅಂತ ಹುಡುಕಿದ್ರೆ ವಿಷಯ ಗಟ್ಟಿಯಾಗುತ್ತೆ.

ಇದೇ ಕಾಯಿಲೆ ಟಿ = ಟ್ಯಾನ್(ಥೀಟಾ/2) ಹಾಕೋವಾಗ್ಲೂ ಬರುತ್ತೆ, ಅಲ್ಲಿ ಇನ್ನೂ ಜೋರು. ∫[0 → 2ಪೈ] ಡಿಥೀಟಾ/(2 + ಕಾಸ್ ಥೀಟಾ) ಲೆಕ್ಕದಲ್ಲಿ ಟಿ ಹಾಕಿದ್ರೆ ಕೆಳಗಿನ ಲಿಮಿಟ್ 0, ಮೇಲಿನದ್ದೂ 0, ಉತ್ತರ 0 ಅಂತ ಬರೆದು ಮುಂದೆ ಹೋಗೋರು ಎಷ್ಟೋ ಜನ. ಎಲ್ಲೂ 1/3ಕ್ಕಿಂತ ಕೆಳಗೆ ಬರದ ಫಂಕ್ಷನ್ ಅದು, ಸೊನ್ನೆ ಹೇಗಾಗುತ್ತೆ? ಥೀಟಾ = ಪೈ ಆದಾಗ ಟಿ ಇನ್ಫಿನಿಟಿಗೆ ಹೋಗಿ ಕಡಿಯುತ್ತೆ. ಅಲ್ಲೇ ಮುರಿದು, ಎರಡು ಅರ್ಧವೂ ಸಮ ಅಂತ 0 ಇಂದ ಪೈ ತನಕದ ಎರಡರಷ್ಟು ತಗೊಂಡ್ರೆ 4∫[0 → ಇನ್ಫಿನಿಟಿ] ಡಿಟಿ/(ಟಿ² + 3) ಆಗುತ್ತೆ, ಉತ್ತರ 2ಪೈ/√3.

ಪರೀಕ್ಷೇಲಿ ಏನು ಬರೀಬೇಕು ಅಂತ ಕೇಳಿದ್ರೆ, ಸಬ್‌ಸ್ಟಿಟ್ಯೂಷನ್ ಪಕ್ಕದಲ್ಲೇ "0 ≤ ಥೀಟಾ ≤ ಪೈ/2, ಇಲ್ಲಿ ಕಾಸ್ ಥೀಟಾ ≥ 0" ಅಂತ ಅರ್ಧ ಸಾಲು ಹಾಕಿ. ಅಷ್ಟು ಬರೆದ್ರೆ ರೂಟ್ ತೆಗೆದಿದ್ದಕ್ಕೆ ಕಾರಣ ಕೊಟ್ಟಂಗಾಯ್ತು.

ಎರಡನೇ ಪ್ರಶ್ನೆ, ವಾಪಸ್ ಎಕ್ಸ್‌ಗೆ ಬರ್ಬೇಕಾ ಅಂತ. ಬೇಡ. ಲಿಮಿಟ್ಸ್ ಥೀಟಾಗೆ ಬದಲಾಯಿಸಿದ್ಮೇಲೆ ಎಕ್ಸ್ ಜೊತೆ ಸಂಬಂಧ ಮುಗೀತು, ಥೀಟಾ ಲಿಮಿಟ್ಸ್ ಹಾಕಿ ನಂಬರ್ ತೆಗೀರಿ. ಲಿಮಿಟ್ಸನ್ನ ಥೀಟಾಗೆ ಬದಲಾಯಿಸಿ ಆಮೇಲೆ ಎಕ್ಸ್‌ಗೂ ವಾಪಸ್ ಬಂದು ಅದರಲ್ಲಿ ಪೈ/2 ಹಾಕೋದು, ಇಲ್ಲಾ ಲಿಮಿಟ್ಸ್ ಬದಲಾಯಿಸದೇ ಥೀಟಾದಲ್ಲಿ 0, 1 ಹಾಕೋದು, ಈ ಎರಡೇ ತಪ್ಪು ಜಾಸ್ತಿ ಕಾಣ್ಸೋದು. ಲಿಮಿಟ್ ಚೆನ್ನಾಗಿರೋ ಕೋನ ಆಗ್ಲಿಲ್ಲ ಅಂದ್ರೂ ಹೆದರ್ಬೇಡಿ. ∫[0 → 3] √(25 − ಎಕ್ಸ್²) ಡಿಎಕ್ಸ್ ಮಾಡಿ ನೋಡೋಣ. ಎಕ್ಸ್ = 5 ಸೈನ್ ಥೀಟಾ, ಮೇಲಿನ ಲಿಮಿಟಲ್ಲಿ ಸೈನ್ ಥೀಟಾ = 3/5, ಇದು 30, 45, 60 ಡಿಗ್ರಿ ಯಾವುದೂ ಅಲ್ಲ. ಅದನ್ನ ಆಲ್ಫಾ ಅಂತ ಹೆಸರಿಟ್ಟು ಹಂಗೇ ಬಿಡಿ, ಕಾಸ್ ಆಲ್ಫಾ = 4/5. ಆಗ

25 ∫[0 → ಆಲ್ಫಾ] ಕಾಸ್² ಥೀಟಾ ಡಿಥೀಟಾ = (25/2) ಆಲ್ಫಾ + (25/2)(3/5)(4/5) = (25/2) ಆಲ್ಫಾ + 6

ಆಲ್ಫಾ ಸುಮಾರು 0.6435 ರೇಡಿಯನ್, ಒಟ್ಟು ಸುಮಾರು 14.04. ಈಗ ಒಂದು ಪೇಪರ್ ಮೇಲೆ 5 ತ್ರಿಜ್ಯದ ವೃತ್ತದ ಮೇಲ್ಗಡೆ ಭಾಗ ಬರೀರಿ, ಎಕ್ಸ್ = 3 ಅಲ್ಲಿ ಒಂದು ನೆಟ್ಟಗೆ ಗೆರೆ ಎಳೆದ್ರೆ ಅದು ವೃತ್ತವನ್ನ (3, 4) ಅಲ್ಲಿ ಮುಟ್ಟುತ್ತೆ, ಅಲ್ಲಿಂದ ಕೇಂದ್ರಕ್ಕೆ ಇನ್ನೊಂದು ಗೆರೆ ಎಳೀರಿ. ನಿಮ್ಮ ಏರಿಯಾ ಎರಡು ತುಂಡಾಯ್ತು. ಕೆಳಗಿರೋದು 3, 4, 5ರ ಲಂಬಕೋನ ತ್ರಿಭುಜ, ಅದರ ಏರಿಯಾ 6. ಮೇಲಿರೋದು ವೃತ್ತದ ಒಂದು ಸೆಕ್ಟರ್, ವೈ ಆಕ್ಸಿಸ್ ಕಡೆಯಿಂದ ಅಳೆದ್ರೆ ಅದರ ಕೋನ ಸರಿಯಾಗಿ ಆಲ್ಫಾ, ಏರಿಯಾ (25/2) ಆಲ್ಫಾ. ಬರೀ ಟ್ರಿಕ್ ಅಂತ ಹಾಕಿದ ಥೀಟಾ ನಿಜವಾಗ್ಲೂ ಚಿತ್ರದಲ್ಲಿ ಕೂತಿರೋ ಕೋನ ಅಂತ ಇಲ್ಲಿ ಕಣ್ಣಿಗೆ ಕಾಣುತ್ತೆ, ಎಕ್ಸ್‌ಗೆ ವಾಪಸ್ ಹೋಗಿದ್ರೆ ಇದು ಕಾಣ್ತಾನೇ ಇರ್ಲಿಲ್ಲ.

ಇನ್ನು ಮೂರನೇದು, ಫಾರ್ಮುಲಾ ಇರೋವಾಗ ಇದ್ಯಾಕೆ ಅಂತ. √(ಎ² − ಎಕ್ಸ್²)ಗೆ ಮಾತ್ರ ಆದ್ರೆ ನೀವು ಹೇಳೋದು ಸರಿ, ಫಾರ್ಮುಲಾ ಬಾಯಿಪಾಠ ಇದ್ರೆ ಸಾಕು. ಆದ್ರೆ ಡೆಫಿನಿಟ್ ಇಂಟಿಗ್ರಲನ್ನ ಥೀಟಾಗೆ ತಿರುಗಿಸಿ ಬರೆಯೋದ್ರಿಂದ ಆಗೋ ಲಾಭ ಬೇರೆ, ಎರಡು ಇಂಟಿಗ್ರಲ್ ನೋಡೋಕೆ ಒಂದಕ್ಕೊಂದು ಸಂಬಂಧಾನೇ ಇಲ್ಲದಂಗಿದ್ರೂ ಒಳಗೆ ಒಂದೇ ಅಂತ ಗೊತ್ತಾಗೋದು. ∫[0 → ಇನ್ಫಿನಿಟಿ] ಡಿಎಕ್ಸ್/(1 + ಎಕ್ಸ್²)² ನೋಡಿ, ರೂಟ್ ಇಲ್ಲ, ವೃತ್ತ ಇಲ್ಲ, ಲಿಮಿಟ್ ಬೇರೆ ಇನ್ಫಿನಿಟಿ ತನಕ ಹೋಗಿದೆ. ಎಕ್ಸ್ = ಟ್ಯಾನ್ ಥೀಟಾ ಹಾಕಿ, ಡಿಎಕ್ಸ್ = ಸೆಕ್² ಥೀಟಾ ಡಿಥೀಟಾ, ಕೆಳಗೆ ಸೆಕ್⁴, ಉಳಿಯೋದು 0 ಇಂದ ಪೈ/2 ತನಕ ಕಾಸ್² ಥೀಟಾ. ನೀವು ಶುರುಮಾಡಿದ ಕಾಲು ವೃತ್ತದ ಏರಿಯಾನೇ ಇದು! ಹಂಗೇ ∫[0 → 1] ಡಿಎಕ್ಸ್/√(1 − ಎಕ್ಸ್²), ಎಕ್ಸ್ 1ರ ಹತ್ರ ಹೋದಾಗ ಫಂಕ್ಷನ್ ಆಕಾಶಕ್ಕೆ ಏರುತ್ತೆ, ಸೈನ್ ಥೀಟಾ ಹಾಕಿದ್ರೆ ಬರೀ ಡಿಥೀಟಾ ಉಳಿದು ಪೈ/2 ಬರುತ್ತೆ, ಆ ಏರಿಕೆ ಎಲ್ಲಾ ಮಾಯ. ಕಟ್ಟುನಿಟ್ಟಾಗಿ ಹೇಳ್ಬೇಕಂದ್ರೆ 1ಕ್ಕಿಂತ ಸ್ವಲ್ಪ ಹಿಂದೆ ನಿಲ್ಲಿಸಿ ಆಮೇಲೆ ಲಿಮಿಟ್ ತಗೋಬೇಕು, ಇನ್ಫಿನಿಟಿ ಇರೋ ಕಡೆನೂ ಅಷ್ಟೇ, ಪಿಯುಸಿ ಮಟ್ಟಕ್ಕೆ ಅಷ್ಟು ತಲೆಕೆಡಿಸ್ಕೊಳ್ಳೋದು ಬೇಡ.

ಎಲ್ಲಕ್ಕಿಂತ ದೊಡ್ಡ ಕಾರಣ ಅಂದ್ರೆ ಫಾರ್ಮುಲಾ ಇಲ್ಲದೇ ಇರೋ ಕಡೆ ಈ ದಾರಿ ಒಂದೇ ಕೈಹಿಡಿಯೋದು:

∫[0 → 1] ಲಾಗ್(1 + ಎಕ್ಸ್)/(1 + ಎಕ್ಸ್²) ಡಿಎಕ್ಸ್

ಇದಕ್ಕೆ 19ನೇ ಶತಮಾನದ ಫ್ರೆಂಚ್ ಗಣಿತಜ್ಞ ಜೋಸೆಫ್ ಸೆರೆ ಹೆಸರಿದೆ, ಅಮೆರಿಕದ ಕಾಲೇಜು ವಿದ್ಯಾರ್ಥಿಗಳ ಗಣಿತ ಸ್ಪರ್ಧೆ ಪಟ್ನಮ್ ಕಾಂಪಿಟಿಷನ್‌ನಲ್ಲಿ 2005ರಲ್ಲಿ ಇದನ್ನೇ ಕೇಳಿದ್ರು. ಇದರ ಇಂಡೆಫಿನಿಟ್ ಇಂಟಿಗ್ರಲನ್ನ ನಿಮಗೆ ಗೊತ್ತಿರೋ ಲಾಗ್, ಟ್ರಿಗ್, ರೂಟ್ ಯಾವುದನ್ನ ಎಷ್ಟು ಸೇರಿಸಿದ್ರೂ ಬರೆಯೋಕಾಗಲ್ಲ, ಹಾಗಾಗಿ "ಮೊದ್ಲು ಇಂಡೆಫಿನಿಟ್ ಮಾಡಿ ಆಮೇಲೆ ಲಿಮಿಟ್ಸ್ ಹಾಕ್ತೀನಿ" ಅನ್ನೋ ಪ್ಲಾನ್ ಇಲ್ಲಿ ನಡೆಯಲ್ಲ. ಎಕ್ಸ್ = ಟ್ಯಾನ್ ಥೀಟಾ ಹಾಕಿ ಲಿಮಿಟ್ಸ್ ಕೂಡ ಬದಲಾಯಿಸಿದ್ರೆ 0 ಇಂದ ಪೈ/4 ತನಕ ಲಾಗ್(1 + ಟ್ಯಾನ್ ಥೀಟಾ) ಆಗುತ್ತೆ, ಅದು ನಿಮ್ಮ ಎನ್‌ಸಿಇಆರ್‌ಟಿ ಪುಸ್ತಕದ ಎಕ್ಸರ್‌ಸೈಜಲ್ಲೇ ಇರೋ ಲೆಕ್ಕ, ಥೀಟಾ ಬದಲು ಪೈ/4 − ಥೀಟಾ ಹಾಕಿ ಎರಡನ್ನೂ ಕೂಡಿಸಿ ಮಾಡಿರ್ತೀರಿ. ನನಗೆ ಇಷ್ಟವಾದ ದಾರಿ ಇನ್ನೊಂದಿದೆ, ಯಾಕೆ ಅಷ್ಟು ಸಲೀಸಾಗಿ ಬಿಡಿಸ್ಕೊಳ್ಳುತ್ತೆ ಅನ್ನೋದು ಅದರಲ್ಲಿ ಬೇಗ ಕಾಣುತ್ತೆ. 1 + ಟ್ಯಾನ್ ಥೀಟಾ ಅಂದ್ರೆ (ಕಾಸ್ ಥೀಟಾ + ಸೈನ್ ಥೀಟಾ)/ಕಾಸ್ ಥೀಟಾ, ಮೇಲಿರೋದು √2 ಕಾಸ್(ಪೈ/4 − ಥೀಟಾ), ಆದ್ದರಿಂದ

ಲಾಗ್(1 + ಟ್ಯಾನ್ ಥೀಟಾ) = ಲಾಗ್ √2 + ಲಾಗ್ ಕಾಸ್(ಪೈ/4 − ಥೀಟಾ) − ಲಾಗ್ ಕಾಸ್ ಥೀಟಾ

0 ಇಂದ ಪೈ/4 ತನಕ ಹೋಗೋವಾಗ ಕಾಸ್ ಥೀಟಾ ಯಾವ್ಯಾವ ಬೆಲೆ ತಗೊಳ್ಳುತ್ತೋ, ಕಾಸ್(ಪೈ/4 − ಥೀಟಾ) ಅದೇ ಬೆಲೆಗಳನ್ನ ಹಿಂದಿನಿಂದ ಮುಂದಕ್ಕೆ ತಗೊಳ್ಳುತ್ತೆ, ಇಂಟಿಗ್ರಲ್ ಎರಡೂ ಒಂದೇ, ಹೊಡೆದುಹೋಗ್ತವೆ. ಉಳಿಯೋದು ಪೈ/4 ಸಲ ಲಾಗ್ √2, ಅಂದ್ರೆ (ಪೈ/8) ಲಾಗ್ 2, ಸುಮಾರು 0.272. ಮೇಲಿನ ಲಿಮಿಟ್ ಪೈ/4 ಬಿಟ್ಟು ಬೇರೆ ಇದ್ದಿದ್ರೆ ಆ ಎರಡು ಲಾಗ್ ಹಿಂಗೆ ಹೊಡೆದುಹೋಗ್ತಿರ್ಲಿಲ್ಲ. ಲಿಮಿಟನ್ನ √3 ಮಾಡಿ, ಥೀಟಾ 0 ಇಂದ ಪೈ/3 ತನಕ ಓಡಿಸಿ ನೀವೇ ಒಂದ್ಸಲ ಬರೆದು ನೋಡಿ, ಎಲ್ಲಿ ಸಿಕ್ಕಿಹಾಕ್ಕೊಳ್ಳುತ್ತೆ ಅಂತ ಕಾಣುತ್ತೆ.